ಶಾತೋ ಗಯ್ಯಾರ್: ಎರಡು ವರ್ಷದಲ್ಲಿ ಎದ್ದ ಕೋಟೆ, ಆರು ತಿಂಗಳಲ್ಲಿ ಬಿದ್ದ ಬಗೆ

ಎಲ್ಲರಿಗೂ ನಮಸ್ಕಾರ.

ಕೋಟೆಯ ಮಾತು ಬಂದಾಗ ಗೋಡೆಯ ದಪ್ಪ, ಬುರುಜಿನ ಎತ್ತರ, ಕಂದಕದ ಆಳ ಇವನ್ನೇ ಅಳೆದು ನೋಡುವುದು ರೂಢಿ. ಇವತ್ತು ಒಂದು ಕೋಟೆಯನ್ನು ಅದರ ಸಂದುಗಳಿಂದ ನೋಡೋಣ. ನೀರು ಒಳಗೆ ಬರುವ ದಾರಿ, ಕೊಳಚೆ ಹೊರಗೆ ಹೋಗುವ ಕಿಂಡಿ, ಒಂದು ಸುತ್ತಿನಿಂದ ಇನ್ನೊಂದು ಸುತ್ತಿಗೆ ದಾಟುವ ಸೇತುವೆ, ಬಾವಿಗೆ ಇಳಿಬಿಟ್ಟ ಹಗ್ಗ. ಒಳಗೆ ಬದುಕುವ ಜನರಿಗಾಗಿ ಮಾಡಿಕೊಂಡ ಇಂಥ ಏರ್ಪಾಡುಗಳಲ್ಲೇ ಕೋಟೆಯ ಗಟ್ಟಿತನ ಪರೀಕ್ಷೆಗೆ ಬೀಳುತ್ತದೆ. ಇದನ್ನು ತೋರಿಸಲು ಫ್ರಾನ್ಸಿನ ನಾರ್ಮಂಡಿಯಲ್ಲಿರುವ ಶಾತೋ ಗಯ್ಯಾರ್‌ನಷ್ಟು ಒಳ್ಳೆಯ ಉದಾಹರಣೆ ಬೇರೆ ಸಿಗುವುದು ಕಷ್ಟ. ಕಟ್ಟಿದ ಖರ್ಚಿನ ಲೆಕ್ಕಪತ್ರ ಉಳಿದಿದೆ. ಮುತ್ತಿಗೆಯನ್ನು ಹತ್ತಿರದಿಂದ ಕಂಡವನ ಬರಹವೂ ಉಳಿದಿದೆ. ಎರಡೂ ಒಟ್ಟಿಗೆ ಸಿಗುವ ಹನ್ನೆರಡನೇ ಶತಮಾನದ ಕೋಟೆಗಳು ತೀರಾ ಕಡಿಮೆ.

ಮೊದಲು ಜಾಗ ತಿಳಿಯಬೇಕು. ಪ್ಯಾರಿಸ್ಸಿನಿಂದ ಹೊರಟ ಸೇನ್ ನದಿ ಸಮುದ್ರದ ಕಡೆ ಬಳುಕುತ್ತ ಸಾಗಿ, ನಾರ್ಮಂಡಿಯ ರಾಜಧಾನಿ ರುವಾಂ ನಗರವನ್ನು ಮುಟ್ಟುತ್ತದೆ. ಈ ಎರಡು ನಗರಗಳ ನಡುವೆ, ರುವಾಂಗೆ ಹತ್ತಿರವಾಗಿ, ಆಂದ್‌ಲಿ ಎಂಬ ಊರಿದೆ. ಅಲ್ಲಿ ನದಿ ದೊಡ್ಡದೊಂದು ತಿರುವು ತೆಗೆದುಕೊಳ್ಳುತ್ತದೆ. ತಿರುವಿನ ಬಲದಂಡೆಯಲ್ಲಿ ಬಿಳಿ ಸುಣ್ಣಕಲ್ಲಿನ ಕೋಡೊಂದು ನೀರಿನ ಮಟ್ಟದಿಂದ ಸುಮಾರು 90 ಮೀಟರ್ ಮೇಲೆ ಚಾಚಿ ನಿಂತಿದೆ. ಮೂರು ಕಡೆ ಕಡಿದಾದ ಇಳಿಜಾರು. ನಾಲ್ಕನೆಯ ಕಡೆ, ಅಂದರೆ ಆಗ್ನೇಯಕ್ಕೆ, ಸಣ್ಣ ಕತ್ತಿನಂಥ ನೆಲ ಅದನ್ನು ಹಿಂದಿನ ಪ್ರಸ್ಥಭೂಮಿಗೆ ಸೇರಿಸುತ್ತದೆ. ಆ ಪ್ರಸ್ಥಭೂಮಿ ಕೋಟೆಗಿಂತ ಎತ್ತರದಲ್ಲಿದೆ. ಇದನ್ನು ನೆನಪಿನಲ್ಲಿಡಿ, ಮುಂದೆ ಬೇಕಾಗುತ್ತದೆ.

ಕಟ್ಟಿಸಿದವನು ಇಂಗ್ಲೆಂಡಿನ ದೊರೆ ಮೊದಲನೇ ರಿಚರ್ಡ್, 'ಸಿಂಹದೆದೆಯ' ಎಂದು ಹೆಸರಾದವನು. ಅವನು ನಾರ್ಮಂಡಿಯ ಡ್ಯೂಕ್ ಕೂಡ ಹೌದು. ಧರ್ಮಯುದ್ಧದಿಂದ ಮರಳುವಾಗ 1192ರಲ್ಲಿ ಸೆರೆಸಿಕ್ಕು 1194ರ ತನಕ ಬಂಧನದಲ್ಲಿದ್ದ. ಆ ಅವಧಿಯಲ್ಲಿ ಫ್ರಾನ್ಸಿನ ದೊರೆ ಎರಡನೇ ಫಿಲಿಪ್ (ಆಗಸ್ಟಸ್ ಎಂದೇ ಪ್ರಸಿದ್ಧ) ಗಡಿಯ ಝಿಸೋರ್ ಕೋಟೆಯನ್ನು ಕಸಿದುಕೊಂಡ. ಝಿಸೋರ್ ಹೋದಮೇಲೆ ರುವಾಂಗೆ ಮುಂಗಾವಲೇ ಇಲ್ಲದಂತಾಯಿತು. ಆ ಖಾಲಿ ಜಾಗ ತುಂಬಲು ರಿಚರ್ಡ್ ಆರಿಸಿಕೊಂಡದ್ದು ಆಂದ್‌ಲಿಯ ಬಂಡೆ.

ಆದರೆ ಅದು ಅವನ ಭೂಮಿಯಾಗಿರಲಿಲ್ಲ. ಆಂದ್‌ಲಿ ರುವಾಂನ ಆರ್ಚ್‌ಬಿಷಪ್‌ನ ಸ್ವತ್ತು. ನದಿಯಲ್ಲಿ ಹೋಗುವ ದೋಣಿಗಳ ಸುಂಕದಿಂದ ಒಳ್ಳೆಯ ಆದಾಯ ಬರುತ್ತಿತ್ತು. ಅದೂ ಸಾಲದೆಂಬಂತೆ, 1196ರ ಜನವರಿಯಲ್ಲಿ ಇಬ್ಬರು ದೊರೆಗಳೂ ಒಪ್ಪಿದ ಒಡಂಬಡಿಕೆಯಲ್ಲಿ ಆಂದ್‌ಲಿಯಲ್ಲಿ ಕೋಟೆ ಕಟ್ಟಕೂಡದು ಎಂದೇ ಬರೆದಿತ್ತು. ರಿಚರ್ಡ್ ಅದೇ ವರ್ಷ ಕೆಲಸ ಶುರುಮಾಡಿಸಿದ. ಆರ್ಚ್‌ಬಿಷಪ್ ವಾಲ್ಟರ್ ಇಡೀ ನಾರ್ಮಂಡಿಯಲ್ಲಿ ಚರ್ಚಿನ ಸಂಸ್ಕಾರಗಳನ್ನೇ ನಿಲ್ಲಿಸಿ ಪೋಪ್‌ನ ಬಳಿಗೆ ದೂರು ಒಯ್ದ. ಊರೂರುಗಳ ಬೀದಿಯಲ್ಲಿ ಹೆಣಗಳು ಮಣ್ಣಾಗದೆ ಬಿದ್ದಿದ್ದವು ಎಂದು ಆ ಕಾಲದ ಬರಹ ಹೇಳುತ್ತದೆ. ಇಷ್ಟಾದರೂ ಬಂಡೆಯ ಮೇಲೆ ಉಳಿಯ ಸದ್ದು ನಿಲ್ಲಲಿಲ್ಲ. ಕೊನೆಗೆ 1197ರ ಅಕ್ಟೋಬರಿನಲ್ಲಿ ರಾಜಿಯಾಯಿತು. ಆಂದ್‌ಲಿಗೆ ಬದಲಾಗಿ ರಿಚರ್ಡ್ ಆರ್ಚ್‌ಬಿಷಪ್‌ಗೆ ದಿಯೆಪ್ ಬಂದರು, ಲೂವಿಯೇ ಊರು, ಅಲಿಯೆರ್ಮೋಂ ಕಾಡು, ರುವಾಂನ ಗಿರಣಿಗಳನ್ನು ಬಿಟ್ಟುಕೊಟ್ಟ. ಒಂದು ಬಂಡೆಗೆ ಒಂದು ಬಂದರನ್ನೇ ಕೊಟ್ಟನೆಂದರೆ ಆ ಜಾಗ ಅವನಿಗೆ ಎಷ್ಟು ಬೇಕಾಗಿತ್ತು ಎಂದು ಅಳೆಯಬಹುದು.

ಈಗ ಖರ್ಚು. 1196ರಿಂದ 1198ರವರೆಗಿನ ಎರಡು ವರ್ಷಗಳಲ್ಲಿ ಈ ಕೆಲಸಕ್ಕೆ ಸುಮಾರು 12,000 ಪೌಂಡ್ ಹೋಗಿದೆ. ತನ್ನ ಇಡೀ ಆಳ್ವಿಕೆಯಲ್ಲಿ ಇಂಗ್ಲೆಂಡಿನ ಎಲ್ಲ ಕೋಟೆಗಳಿಗೂ ಸೇರಿ ರಿಚರ್ಡ್ ಮಾಡಿದ ಖರ್ಚು ಸುಮಾರು 7,000 ಪೌಂಡ್ ಎಂದು ಅಂದಾಜು. ಆಗ ಒಂದು ಪೌಂಡ್ ಎಂದರೆ 240 ಪೆನ್ನಿ. ಎಲ್ಲವೂ ಕೂಲಿಗೇ ಹೋಯಿತು, ಆಳೊಬ್ಬನಿಗೆ ದಿನಕ್ಕೆ 2 ಪೆನ್ನಿ ಎಂದು ಸುಮ್ಮನೆ ಲೆಕ್ಕ ಹಾಕಿದರೂ ಹದಿನಾಲ್ಕು ಲಕ್ಷ ಆಳುದಿನಗಳು. ವರ್ಷಕ್ಕೆ ಮುನ್ನೂರು ದಿನ ಕೆಲಸವೆಂದು ಹಿಡಿದರೆ ದಿನಂಪ್ರತಿ ಎರಡು ಸಾವಿರ ಜನಕ್ಕೂ ಮೀರಿ ದುಡಿಯಬೇಕು. ಲೆಕ್ಕಪತ್ರದಲ್ಲಿ ಯಾರಾರು ಇದ್ದಾರೆ ನೋಡಿ: ಗಣಿಯಲ್ಲಿ ಕಲ್ಲು ಎಬ್ಬಿಸುವವರು, ಕಲ್ಲು ಕೆತ್ತುವವರು, ಗೋಡೆ ಕಟ್ಟುವವರು, ಸುಣ್ಣ ಸುಡುವವರು, ಬಡಗಿಗಳು, ಕಮ್ಮಾರರು, ಗಾರೆ ಹೊರುವವರು, ನೀರು ಹೊರುವವರು, ಬಂಡೆ ಕೊರೆದು ಕಂದಕ ತೆಗೆಯುವವರು, ಇವರೆಲ್ಲರನ್ನೂ ಕಾಯುವ ಸೈನಿಕರು. ಇಲ್ಲದ್ದು ಒಂದೇ, ಮೇಸ್ತ್ರಿಯ ಹೆಸರು. ಇಷ್ಟು ದೊಡ್ಡ ಕೆಲಸಕ್ಕೆ ಮುಖ್ಯ ಶಿಲ್ಪಿ ಯಾರೆಂದು ಎಲ್ಲೂ ದಾಖಲಾಗಿಲ್ಲ. ನಕ್ಷೆಯಲ್ಲಿ ರಿಚರ್ಡನ ಕೈ ದೊಡ್ಡದಾಗಿತ್ತು ಎಂದು ಇತಿಹಾಸಕಾರರು ಊಹಿಸುವುದಕ್ಕೆ ಇದೂ ಒಂದು ಕಾರಣ. ಅವನು ಆ ವರ್ಷಗಳಲ್ಲಿ ಹೆಚ್ಚು ಕಾಲ ಕಳೆದದ್ದೂ ಅಲ್ಲಿಯೇ.

ಎರಡು ವರ್ಷ ಎಂಬುದು ಆ ಕಾಲಕ್ಕೆ ನಂಬಲಾಗದ ವೇಗ. ಅದನ್ನು ಸಾಧ್ಯ ಮಾಡಿದ್ದು ಹಣವೊಂದೇ ಅಲ್ಲ, ನೆಲವೂ ಹೌದು. ಆ ಬಂಡೆ ಸೀಮೆಸುಣ್ಣದ ಜಾತಿಯ ಮೆತ್ತನೆಯ ಕಲ್ಲು. ನಡುನಡುವೆ ಚಕಮಕಿ ಕಲ್ಲಿನ ಉಂಡೆಗಳು. ನಮ್ಮ ಗ್ರಾನೈಟ್ ಬೆಟ್ಟಗಳಲ್ಲಿ ಇಂಥ ಕಂದಕ ಕೊರೆಯಲು ಒಂದು ತಲೆಮಾರೇ ಬೇಕಾದೀತು. ಅಲ್ಲಿ ಗುದ್ದಲಿ, ಹಾರೆ, ಉಳಿ ಸಾಕು. ಕಂದಕದಿಂದ ಎದ್ದ ಕಲ್ಲೇ ಗೋಡೆಗೆ ಸಿಕ್ಕಿತು, ಸುಣ್ಣದ ಗೂಡಿಗೂ ಸಿಕ್ಕಿತು. ಗೋಡೆ ಕಟ್ಟಿದ ಕ್ರಮ ಹೀಗೆ: ಒಳಗೂ ಹೊರಗೂ ಕೆತ್ತಿದ ಕಲ್ಲಿನ ಎರಡು ಮುಖ, ನಡುವೆ ಒರಟು ಕಲ್ಲು, ಚಕಮಕಿ ಉಂಡೆ, ಸುಣ್ಣದ ಗಾರೆ ಸುರಿದು ತುಂಬಿದ ಹೊಟ್ಟೆ. ಸುಣ್ಣದ ಗಾರೆ ಸಿಮೆಂಟಿನಂತೆ ನೀರಿನಿಂದ ಗಟ್ಟಿಯಾಗುವುದಿಲ್ಲ. ಗಾಳಿಯಲ್ಲಿನ ಇಂಗಾಲಾಮ್ಲವನ್ನು ಹೀರಿಕೊಂಡು ಹೊರಗಿನಿಂದ ಒಳಕ್ಕೆ ನಿಧಾನವಾಗಿ ಕಲ್ಲಾಗುತ್ತದೆ. ಮೀಟರುಗಟ್ಟಲೆ ದಪ್ಪದ ಗೋಡೆಯ ಹೊಟ್ಟೆಯೊಳಗೆ ಗಾಳಿ ತಲುಪುವುದಕ್ಕೇ ಹಲವು ವರ್ಷ ಬೇಕು. ಮುತ್ತಿಗೆ ಬಂದಾಗ ಈ ಗೋಡೆಗಳಿಗೆ ಐದೇ ವರ್ಷ ತುಂಬಿತ್ತು.

ಕೋಟೆಯ ಒಳಗೆ ಹೋಗೋಣ. ಒಟ್ಟು ಮೂರು ಸುತ್ತು. ಆದರೆ ಈರುಳ್ಳಿಯ ಪದರಗಳಂತೆ ಒಂದರೊಳಗೊಂದು ಇಟ್ಟ ಸುತ್ತುಗಳಲ್ಲ. ಕೋಡು ಉದ್ದಕ್ಕೆ ಚಾಚಿರುವುದರಿಂದ ಮೊದಲನೆಯದು ಎರಡನೆಯದರ ಮುಂದೆ ನಿಂತಿದೆ. ಮೂರನೆಯದು ಮಾತ್ರ ಎರಡನೆಯದರ ಒಳಗಿದೆ. ಪ್ರಸ್ಥಭೂಮಿಯ ಕಡೆಯಿಂದ ಬಂದವನಿಗೆ ಮೊದಲು ಎದುರಾಗುವುದು ಆಳದ ಕಂದಕ, ಅದರ ಆಚೆ ತ್ರಿಕೋನಾಕಾರದ ಹೊರಸುತ್ತು. ತ್ರಿಕೋನದ ಚೂಪು ತುದಿ ಶತ್ರುವಿನತ್ತ, ಆ ತುದಿಯಲ್ಲಿ ದಪ್ಪ ದುಂಡು ಬುರುಜು. ಅದರ ಹಿಂದೆ ಇನ್ನೊಂದು ಒಣ ಕಂದಕ. ಅದನ್ನು ದಾಟಿದರೆ ನಡುಸುತ್ತು. ಅಲ್ಲಿ ಬಾವಿ, ಪ್ರಾರ್ಥನಾ ಮಂದಿರ, ಶೌಚಗಳು, ಬಂಡೆಯಲ್ಲೇ ಕೊರೆದ ಉಗ್ರಾಣಗಳು. ನಡುಸುತ್ತಿನೊಳಗೆ ಮತ್ತೊಂದು ಕಂದಕ, ಅದರ ನಡುವೆ ಒಳಸುತ್ತು, ಒಳಸುತ್ತಿನ ಅಂಚಿನಲ್ಲಿ, ನದಿಯ ಕಡೆಗೆ, ಮೂಲಗೋಪುರ. ಫ್ರೆಂಚರು ಇದನ್ನು ದೊಂಜೋಂ ಎನ್ನುತ್ತಾರೆ.

ಒಳಸುತ್ತಿನ ಗೋಡೆಯನ್ನು ನೋಡಿದವರು ಮರೆಯಲಾರರು. ನೇರ ಗೋಡೆಯೂ ಇಲ್ಲ, ಬಿಡಿಬಿಡಿ ಬುರುಜುಗಳೂ ಇಲ್ಲ. ಹೊರಕ್ಕೆ ಉಬ್ಬಿದ ಅರ್ಧವೃತ್ತಗಳನ್ನು ಒತ್ತೊತ್ತಾಗಿ ಜೋಡಿಸಿ, ಇಡೀ ಗೋಡೆಯೇ ಬುರುಜುಗಳ ಸಾಲು ಎನ್ನುವಂತೆ ಮಾಡಿದ್ದಾರೆ. ಸೇವಂತಿಗೆ ದಂಡೆಯನ್ನು ನೆಲದ ಮೇಲೆ ಸುತ್ತಿಟ್ಟ ಹಾಗೆ. ಉಬ್ಬಿದ ಮೈಗೆ ತಾಗಿದ ಕವಣೆಕಲ್ಲು ಪಕ್ಕಕ್ಕೆ ಜಾರುತ್ತದೆ, ಮೂಲೆ ಎಂಬುದು ಇಲ್ಲವಾದ್ದರಿಂದ ಹಾರೆ ಹಾಕಿ ಕಲ್ಲು ಮೀಟುವುದಕ್ಕೆ ಒಳ್ಳೆಯ ಎಡೆ ಸಿಗುವುದಿಲ್ಲ, ಗೋಡೆಯ ಮೇಲೆ ನಿಂತವನಿಗೆ ಎಡಬಲದ ಬುಡ ಕಾಣುತ್ತದೆ. ಮೂಲಗೋಪುರದ ಒಳ ಅಗಲ ಸುಮಾರು 8 ಮೀಟರ್, ದುಂಡು. ಆದರೆ ದಾಳಿ ಬರಬಹುದಾದ ಕಡೆಗೆ ಅದರ ಹೊರಮೈ ದೋಣಿಯ ಮೂತಿಯಂತೆ ಚೂಪಾಗಿದೆ. ಬುಡ ಇಳಿಜಾರಾಗಿ ದಪ್ಪವಾಗುತ್ತ ಹೋಗುತ್ತದೆ. ಮೇಲಿನಿಂದ ಬೀಳಿಸಿದ ಕಲ್ಲು ಆ ಇಳಿಜಾರಿಗೆ ಬಡಿದು ಎದುರಾಳಿಗಳತ್ತ ಚಿಮ್ಮಲಿ ಎಂಬುದು ಉದ್ದೇಶ. ತಲೆಯ ಹತ್ತಿರ ಮೈಯಿಂದ ಹೊರಚಾಚಿದ ಆನಿಕೆಗಳು, ಅವುಗಳ ಮೇಲೆ ಕಮಾನು, ಕಮಾನಿಗೂ ಗೋಡೆಗೂ ನಡುವೆ ಉದ್ದ ಸಂದು. ಆ ಸಂದಿನಿಂದ ನೇರ ಕೆಳಗೆ ಕಲ್ಲು ಬಿಡಬಹುದು. ಅದಕ್ಕೂ ಮೊದಲು ಇದೇ ಕೆಲಸಕ್ಕೆ ಗೋಡೆಯ ತಲೆಗೆ ಮರದ ಅಟ್ಟಣೆ ಕಟ್ಟುತ್ತಿದ್ದರು. ಅದಕ್ಕೆ ಬೆಂಕಿ ಬೀಳುತ್ತಿತ್ತು. ಕಲ್ಲಿನಲ್ಲೇ ಮಾಡಿದ ಪಶ್ಚಿಮ ಯುರೋಪಿನ ಬಹಳ ಹಳೆಯ ಉದಾಹರಣೆಗಳಲ್ಲಿ ಇದೊಂದು.

ಬಂಡೆಯ ಮೇಲಿನದು ಇಡೀ ಯೋಜನೆಯ ಒಂದು ಭಾಗ ಮಾತ್ರ. ಕೆಳಗೆ ನದಿಯಂಚಿನಲ್ಲಿ ರಿಚರ್ಡ್ ಗೋಡೆ ಸುತ್ತಿದ ಹೊಸ ಊರನ್ನೇ ಕಟ್ಟಿಸಿದ: ಚಿಕ್ಕ ಆಂದ್‌ಲಿ. ನದಿಯ ನಡುವಿನ ದ್ವೀಪದಲ್ಲಿ ಒಂದು ಸಣ್ಣ ಕೋಟೆ, ಅಲ್ಲಿಂದ ದಡಕ್ಕೆ ಸೇತುವೆ. ಬಂಡೆಯ ಬುಡದಲ್ಲಿ ನದಿಗೆ ಅಡ್ಡಲಾಗಿ ಮೂರು ಸಾಲು ಮರದ ಗೂಟಗಳ ತಡೆ, ಪ್ಯಾರಿಸ್ ಕಡೆಯಿಂದ ದೋಣಿ ಇಳಿಯದಂತೆ. ಹಿಂಬದಿಯ ಹಳ್ಳಕ್ಕೆ ಕಟ್ಟೆ ಹಾಕಿ ಕೆರೆ. ಬೆಟ್ಟ, ಊರು, ದ್ವೀಪ, ಹೊಳೆ ನಾಲ್ಕೂ ಸೇರಿ ಒಂದೇ ಬೀಗ. ಇದು ಬಿಡಿಸಿ ನೋಡಬೇಕಾದ ಮಾತು, ಏಕೆಂದರೆ ಫಿಲಿಪ್ ಆ ಬೀಗವನ್ನು ಬಿಡಿಬಿಡಿಯಾಗಿಯೇ ಕಳಚಿದ.

ಗೋಡೆ ಕಬ್ಬಿಣದ್ದಾದರೂ ಹಿಡಿಯುತ್ತೇನೆ ಎಂದು ಫಿಲಿಪ್ ಅಂದನಂತೆ, ಬೆಣ್ಣೆಯದಾದರೂ ಉಳಿಸಿಕೊಳ್ಳುತ್ತೇನೆ ಎಂದು ರಿಚರ್ಡ್ ಅಂದನಂತೆ. ಆ ಕಾಲದ ಬರಹಗಾರ ವೇಲ್ಸ್‌ನ ಜೆರಾಲ್ಡ್ ಬರೆದಿಟ್ಟ ಮಾತಿದು. ರಿಚರ್ಡನಿಗೆ ಅದನ್ನು ತೋರಿಸುವ ಅವಕಾಶ ಬರಲಿಲ್ಲ. 1199ರ ಏಪ್ರಿಲ್‌ನಲ್ಲಿ, ತೆಂಕಣ ಫ್ರಾನ್ಸಿನ ಶಾಲ್ಯೂ ಎಂಬ ಸಣ್ಣ ಕೋಟೆಯ ಮುಂದೆ ಬಿಲ್ಲಿನ ಬಾಣ ತಾಗಿ, ಗಾಯ ಕೊಳೆತು ಸತ್ತ. ಕೋಟೆ ಅವನ ತಮ್ಮ ಜಾನ್‌ನ ಪಾಲಾಯಿತು. ಕಿಲ್ಲೇದಾರನಾಗಿ ಇದ್ದವನು ರಾಜರ್ ಡಿ ಲೇಸಿ, ಇಂಗ್ಲೆಂಡಿನ ಚೆಸ್ಟರ್ ಕಡೆಯ ಅನುಭವಿ ಸರದಾರ. ಅವನ ನಿಷ್ಠೆಯಲ್ಲಿ, ಧೈರ್ಯದಲ್ಲಿ ಯಾವ ಕೊರತೆಯೂ ಇರಲಿಲ್ಲ.

1203ರ ಆಗಸ್ಟ್‌ನಲ್ಲಿ ಫಿಲಿಪ್ ಬಂದ. ಬಂಡೆಯನ್ನು ಮುಟ್ಟಲೇ ಇಲ್ಲ. ಮೊದಲು ನದಿಗೆ ಕೈ ಹಾಕಿದ. ಮೇಲಿನಿಂದ ಬಾಣ, ಕಲ್ಲು ಬೀಳುತ್ತಿದ್ದಂತೆಯೇ ಅವನ ಈಜುಗಾರರು ಗೂಟಗಳನ್ನು ಕಡಿದು ದೋಣಿ ನುಗ್ಗುವಷ್ಟು ದಾರಿ ಮಾಡಿದರು. ಆ ದಾರಿಯಲ್ಲಿ ದೋಣಿಗಳನ್ನು ತಂದು ಸಾಲಾಗಿ ನಿಲ್ಲಿಸಿ ಸೇತುವೆ ಕಟ್ಟಿದ, ಸೇತುವೆಯ ಮೇಲೆ ಮರದ ಗೋಪುರ ನಿಲ್ಲಿಸಿದ. ಎರಡೂ ದಡ ಅವನ ಕೈಗೆ ಬಂದವು.

ಬಿಡಿಸಲು ಜಾನ್ ಮಾಡಿದ ಯೋಜನೆ ಕಾಗದದ ಮೇಲೆ ಚೆನ್ನಾಗಿಯೇ ಇತ್ತು. ರಾತ್ರಿ ಅವನ ಸರದಾರ ವಿಲಿಯಂ ಮಾರ್ಷಲ್ ನೆಲದ ಮೇಲಿನಿಂದ ಎಡದಂಡೆಯ ಶಿಬಿರದ ಮೇಲೆ ಬೀಳಬೇಕು. ಅದೇ ಹೊತ್ತಿಗೆ ರುವಾಂ ಕಡೆಯಿಂದ ಸುಮಾರು 70 ದೋಣಿಗಳು ದವಸ ಹೊತ್ತು ನದಿಯಲ್ಲಿ ಮೇಲಕ್ಕೆ ಬಂದು ದೋಣಿ ಸೇತುವೆ ಮುರಿಯಬೇಕು. ತಪ್ಪಿದ್ದು ನೀರಿನ ಲೆಕ್ಕ. ಹೊಳೆಯ ಸೆಳೆತಕ್ಕೆ ಎದುರಾಗಿ ಹುಟ್ಟು ಹಾಕುವ ದೋಣಿಗಳಿಗೆ ಎಷ್ಟು ಹೊತ್ತು ಬೇಕೆಂದು ತಪ್ಪಾಗಿ ಎಣಿಸಿದ್ದರು. ಮಾರ್ಷಲ್ ಸಮಯಕ್ಕೆ ಸರಿಯಾಗಿ ದಾಳಿ ಮಾಡಿದ, ಶಿಬಿರ ಚೆದುರಿತು, ಓಡಿದವರ ಭಾರಕ್ಕೆ ದೋಣಿ ಸೇತುವೆಯೂ ಕುಸಿಯಿತು. ಆ ಕ್ಷಣಕ್ಕೆ ದೋಣಿಗಳು ಬಂದಿದ್ದರೆ ಮುತ್ತಿಗೆ ಅಲ್ಲಿಗೇ ಮುಗಿಯುತ್ತಿತ್ತು ಎಂದು ಧಾರಾಳವಾಗಿ ಹೇಳಬಹುದು. ಬರಲಿಲ್ಲ. ಫ್ರೆಂಚರು ದೀವಟಿಗೆ ಬೆಳಕಿನಲ್ಲಿ ಸೇತುವೆ ಸರಿಪಡಿಸಿ ಮರುದಾಳಿ ಮಾಡಿ ಮಾರ್ಷಲ್‌ನನ್ನು ಹಿಂದಟ್ಟಿದರು. ಬೆಳಗಾಗುವ ಹೊತ್ತಿಗೆ ದೋಣಿಗಳು ಬಂದವು. ಎಚ್ಚೆತ್ತ ಸೇತುವೆಯ ಮೇಲಿನಿಂದ ಬಾಣ, ಕಲ್ಲು, ದಪ್ಪ ತೊಲೆಗಳು ಅವುಗಳ ಮೇಲೆ ಬಿದ್ದವು.

ಆಮೇಲೆ ದ್ವೀಪ. ಮಾಂತ್ ಊರಿನ ಗೋಬೇರ್ ಎಂಬ ಈಜುಗಾರ ಕೆಂಡ ತುಂಬಿ ಬಾಯಿ ಮುಚ್ಚಿದ ಮಡಕೆಗಳನ್ನು ಹಗ್ಗಕ್ಕೆ ಕಟ್ಟಿ ಎಳೆದುಕೊಂಡು, ಕಾವಲಿಲ್ಲದ ಬದಿಯಿಂದ ದ್ವೀಪದ ಮರದ ಬೇಲಿಗೆ ಬೆಂಕಿ ಹಚ್ಚಿದ. ದ್ವೀಪದ ಕೋಟೆ ಶರಣಾಯಿತು. ಇದನ್ನು ಕಂಡ ಚಿಕ್ಕ ಆಂದ್‌ಲಿಯ ಜನ ಮನೆಮಠ ಬಿಟ್ಟು ಬೆಟ್ಟದ ಕೋಟೆಯೊಳಗೆ ಸೇರಿಕೊಂಡರು. ಅವರ ಸಂಖ್ಯೆಯನ್ನು 1,400ರಿಂದ 2,200ರವರೆಗೆ ಹೇಳುತ್ತಾರೆ. ಫಿಲಿಪ್‌ಗೆ ಇದಕ್ಕಿಂತ ದೊಡ್ಡ ಲಾಭ ಬೇರೆ ಇರಲಿಲ್ಲ. ದಂಡಿಗೆ ವರ್ಷಕ್ಕೆ ಸಾಲುವಷ್ಟು ದವಸವಿದ್ದ ಉಗ್ರಾಣಕ್ಕೆ ಈಗ ಊರಿಗೆ ಊರೇ ಬಾಯಿ ತೆರೆದಿತ್ತು. ಅವನು ಅವಸರ ಮಾಡದೆ ಬಂಡೆಯ ಸುತ್ತ ಎರಡು ಸಾಲು ಕಂದಕ ತೋಡಿಸಿ, ಅಲ್ಲಲ್ಲಿ ಮರದ ಕಾವಲುಗೋಪುರ ನಿಲ್ಲಿಸಿ, ಚಳಿಗಾಲಕ್ಕೆ ಗುಡಿಸಲು ಹಾಕಿಸಿ ಕೂತ.

ಇಲ್ಲಿ ಸ್ವಲ್ಪ ನಿಲ್ಲಬೇಕು. ಕೋಟೆಯ ಚರಿತ್ರೆ ಎಂದು ನಾವು ಕಲ್ಲಿನ ಲೆಕ್ಕ ಹೇಳುತ್ತ ಹೋದರೆ ಈ ಜನ ಮರೆಯಾಗುತ್ತಾರೆ. ಡಿ ಲೇಸಿ ದವಸ ಉಳಿಸಲೆಂದು ಕಾದಾಡಲಾಗದವರನ್ನು ಹೊರಗೆ ಕಳಿಸತೊಡಗಿದ. ಮುದುಕರು, ಹೆಂಗಸರು, ಮಕ್ಕಳು. ಐನೂರು ಐನೂರರಂತೆ ಎರಡು ಗುಂಪು ಹೋಯಿತು. ಫ್ರೆಂಚ್ ಸಾಲಿನವರು ಕನಿಕರಪಟ್ಟು ದಾರಿ ಬಿಟ್ಟರು. ಅಲ್ಲಿಲ್ಲದ ಫಿಲಿಪ್‌ಗೆ ಸುದ್ದಿ ಮುಟ್ಟಿ, ಇನ್ನು ಯಾರನ್ನೂ ಬಿಡಕೂಡದು ಎಂದು ಆಜ್ಞೆ ಮಾಡಿದ. ಮೂರನೇ ಗುಂಪು ಇಳಿದಾಗ ಎದುರಿನಿಂದ ಬಾಣ ಬಂದವು. ಹಿಂದಿರುಗಿದರೆ ಕೋಟೆಯ ಬಾಗಿಲು ಮುಚ್ಚಿತ್ತು. ನೂರಾರು ಜನ, ಕಡಿಮೆ ಲೆಕ್ಕದಲ್ಲೂ ನಾನ್ನೂರು, ಕಂದಕಗಳಿಗೂ ಗೋಡೆಗೂ ನಡುವಿನ ಬೋಳು ಇಳಿಜಾರಿನಲ್ಲಿ ಇಡೀ ಚಳಿಗಾಲ ಸಿಕ್ಕಿಬಿದ್ದರು. ಬಂಡೆಯ ಪೊಟರೆಗಳಲ್ಲಿ ಮಲಗಿ, ಹುಲ್ಲು ಬೇರು ತಿಂದು, ನಾಯಿ ಮಾಂಸ ತಿಂದು, ಅರ್ಧಕ್ಕಿಂತ ಹೆಚ್ಚು ಜನ ಸತ್ತರು. ಕೊನೆಗೆ ಫಿಲಿಪ್ ಖುದ್ದಾಗಿ ಬಂದು ಕಂಡು ಬಿಡಿಸಿ ಅನ್ನ ಹಾಕಿಸಿದ. ಬಹಳ ದಿನ ಖಾಲಿಯಿದ್ದ ಹೊಟ್ಟೆಗೆ ಒಮ್ಮೆಲೇ ಊಟ ಬಿದ್ದು ಅವರಲ್ಲೂ ಅನೇಕರು ಪ್ರಾಣ ಬಿಟ್ಟರು. ಇದನ್ನೆಲ್ಲ ಬರೆದಿಟ್ಟವನು ಫಿಲಿಪ್‌ನದೇ ಆಸ್ಥಾನದ ಪಾದ್ರಿ, ಬ್ರಿಟನಿಯ ವಿಲಿಯಂ. ತನ್ನ ದೊರೆಯನ್ನು ಹೊಗಳಲೆಂದು ಬರೆದವನ ಲೇಖನಿಯಿಂದಲೇ ಇದು ಬಂದಿದೆ ಎಂಬುದನ್ನು ಗಮನಿಸಬೇಕು.

1203ರ ಡಿಸೆಂಬರಿನಲ್ಲಿ ಜಾನ್ ಹಡಗು ಹತ್ತಿ ಇಂಗ್ಲೆಂಡಿಗೆ ಹೊರಟುಹೋದ. ಮತ್ತೆ ಸಹಾಯ ಬರಲಿಲ್ಲ.

ಫೆಬ್ರವರಿಯಲ್ಲಿ ಲಗ್ಗೆ ಶುರುವಾಯಿತು, ನಿರೀಕ್ಷಿಸಿದಂತೆ ಪ್ರಸ್ಥಭೂಮಿಯ ಕಡೆಯಿಂದಲೇ. ಎತ್ತರದ ನೆಲದಿಂದ ಕಂದಕದ ಅಂಚಿನವರೆಗೆ ಮಾಡು ಹಾಕಿದ ದಾರಿ ಮಾಡಿ, ಕವಣೆ ಯಂತ್ರಗಳನ್ನು ಹತ್ತಿರ ತಂದು, ಕಂದಕವನ್ನು ಮಣ್ಣು ಕಟ್ಟಿಗೆಗಳಿಂದ ತುಂಬತೊಡಗಿದರು. ತುಂಬುವಷ್ಟು ತಾಳ್ಮೆ ಉಳಿಯಲಿಲ್ಲ. ಸೈನಿಕರು ಏಣಿ ಹಾಕಿ ಕಂದಕಕ್ಕೆ ಇಳಿದು, ಅದೇ ಏಣಿಗಳನ್ನು ಎದುರು ದಡಕ್ಕೆ ಇಟ್ಟರು. ಗಿಡ್ಡವಾದವು. ಆಗ ಕಠಾರಿಗಳಿಂದ ಬಂಡೆಯಲ್ಲಿ ಕಚ್ಚು ಕೊರೆದು, ಕಾಲಿಟ್ಟು ಕೈಯಿಟ್ಟು ಹತ್ತಿದರು. ಕಂದಕವನ್ನು ಬೇಗ ತೋಡಲು ಅನುವು ಮಾಡಿಕೊಟ್ಟ ಮೆತ್ತನೆಯ ಕಲ್ಲೇ ಈಗ ಶತ್ರುವಿಗೆ ಮೆಟ್ಟಿಲಾಯಿತು.

ಬುರುಜಿನ ಬುಡಕ್ಕೆ ಬಂದವರು ಮಾಡಿದ್ದು ಸುರಂಗದ ಕೆಲಸ. ಅದರ ಕ್ರಮ ತಿಳಿದಿರಲಿ. ತಲೆಯ ಮೇಲೆ ಗುರಾಣಿಗಳ ಮಾಡು ಹಿಡಿದು ಅಡಿಪಾಯದ ಕೆಳಗೆ ಅಗೆಯುತ್ತಾರೆ. ಅಗೆದಷ್ಟೂ ಮೇಲಿನ ಗೋಡೆ ಕುಸಿಯದಂತೆ ಮರದ ಊರೆ ಕೊಡುತ್ತ ಹೋಗುತ್ತಾರೆ. ಸಾಕಷ್ಟು ಅಗಲವಾದಮೇಲೆ ಕಟ್ಟಿಗೆ, ಜಿಡ್ಡು ತುಂಬಿ ಬೆಂಕಿಯಿಟ್ಟು ಹೊರಗೆ ಓಡುತ್ತಾರೆ. ಊರೆ ಉರಿದು ಹೋದಂತೆ ಗೋಡೆ ತನ್ನ ಭಾರಕ್ಕೆ ತಾನೇ ಕೂರುತ್ತದೆ. ಬೆಂಕಿ ಜೋರಾಗಿರಬೇಕು, ಊರೆಗಳೆಲ್ಲ ಒಟ್ಟಿಗೆ ಸುಡಬೇಕು. ಒಂದೊಂದಾಗಿ ಸುಟ್ಟರೆ ಗೋಡೆ ಬೀಳದೆ ಬಾಗಿ ನಿಂತುಬಿಡುವುದುಂಟು. ಅದಕ್ಕೇ ಕೊಬ್ಬು ಬೇಕು. ಇದೇ ಜಾನ್ 1215ರಲ್ಲಿ ಇಂಗ್ಲೆಂಡಿನ ರೋಚೆಸ್ಟರ್ ಕೋಟೆಗೆ ಸುರಂಗ ತೋಡಿಸಿದಾಗ, ತಿನ್ನಲು ಬಾರದಷ್ಟು ಕೊಬ್ಬಿದ 40 ಹಂದಿಗಳನ್ನು ಕಳಿಸಿ ಎಂದು ಬರೆಸಿದ ಆಜ್ಞೆ ಇನ್ನೂ ಉಳಿದಿದೆ. ಶಾತೋ ಗಯ್ಯಾರ್‌ನ ಮೂತಿಯ ಬುರುಜು ಹೀಗೆ ಕುಸಿದಾಗ, ಡಿ ಲೇಸಿ ಹೊರಸುತ್ತಿನ ಕಟ್ಟಡಗಳಿಗೆ ಬೆಂಕಿ ಹಚ್ಚಿ ನಡುಸುತ್ತಿಗೆ ಸರಿದ.

ನಡುಸುತ್ತು ಬಿದ್ದದ್ದಕ್ಕೆ ಸುರಂಗವೂ ಬೇಕಾಗಲಿಲ್ಲ. ಹಿಂದಿನ ವರ್ಷವಷ್ಟೇ ಜಾನ್ ಗೋಡೆಗೆ ಅಂಟಿಸಿ ಒಂದು ಕಟ್ಟಡ ಕಟ್ಟಿಸಿದ್ದನಂತೆ. ಅದರಲ್ಲಿ ಪ್ರಾರ್ಥನಾ ಮಂದಿರವೂ ಇತ್ತು, ಶೌಚವೂ ಇತ್ತು. ಎರಡನ್ನೂ ಒಂದೇ ಕಡೆ ಇಟ್ಟದ್ದು ಧರ್ಮಕ್ಕೆ ಒಪ್ಪುವಂಥದ್ದಲ್ಲ ಎಂದು ಪಾದ್ರಿ ವಿಲಿಯಂ ಬೇಸರಪಟ್ಟಿದ್ದಾನೆ. ಆ ಕಟ್ಟಡದ ಹೊರಗೋಡೆಯಲ್ಲಿ ಸರಳಿಲ್ಲದ ಒಂದು ಕಿಟಕಿ. ಬೋಗಿಸ್ ಎಂಬ ಸೈನಿಕ ಜೊತೆಗಾರನ ಹೆಗಲ ಮೇಲೆ ನಿಂತು ಅದರೊಳಗೆ ತೂರಿ, ಹಗ್ಗ ಇಳಿಬಿಟ್ಟು ಉಳಿದವರನ್ನು ಎಳೆದುಕೊಂಡ. ಜನಪ್ರಿಯವಾದ ಕಥೆಯಲ್ಲಿ ಅವರು ಶೌಚದ ಕಿಂಡಿಯಿಂದಲೇ ಹತ್ತಿದರು. ವಿಲಿಯಂ ಹೇಳುವುದು ಕಿಟಕಿ. ಎರಡರಲ್ಲಿ ಯಾವುದಾದರೂ ತಪ್ಪು ಒಂದೇ: ಹೊರಗೋಡೆಯಲ್ಲಿ ತೂತು ಬಿಟ್ಟು, ಅದಕ್ಕೆ ಸರಳನ್ನೂ ಕಾವಲನ್ನೂ ಇಡದಿದ್ದದ್ದು. ಕಿಂಡಿಯಿಂದ ಕೋಟೆ ಹೊಕ್ಕರು ಎಂದೊಡನೆ ನಮಗೆ ಚಿತ್ರದುರ್ಗದ ಓಬವ್ವ ನೆನಪಾಗುತ್ತಾಳೆ. ಇಲ್ಲಿ ಕಿಂಡಿಯ ಬಾಯಲ್ಲಿ ಒನಕೆ ಹಿಡಿದು ಕಾಯುವವರು ಇರಲಿಲ್ಲ. ಒಳಗಿನ ಗದ್ದಲ ಕೇಳಿ ದೊಡ್ಡ ಪಡೆಯೇ ನುಗ್ಗಿತೆಂದು ತಿಳಿದ ಕಾವಲಿನವರು ಆ ಕಟ್ಟಡಕ್ಕೆ ಬೆಂಕಿ ಹಾಕಿದರು. ಬೆಂಕಿ ಗಾಳಿಗೆ ಅವರ ಕಡೆಗೇ ತಿರುಗಿತು. ಬೋಗಿಸ್ ಮತ್ತು ಜೊತೆಗಾರರು ಕಮಾನಿನ ನೆಲಮಾಳಿಗೆಯಲ್ಲಿ ಉಳಿದುಕೊಂಡು, ಹೊರಬಂದು ತೂಗುಸೇತುವೆ ಇಳಿಸಿದರು.

ಇನ್ನು ಒಳಸುತ್ತು. ಆ ಸೇವಂತಿಗೆ ದಂಡೆಯ ಗೋಡೆ, ಅದರ ಸುತ್ತ ಬಂಡೆಯಲ್ಲಿ ಕೊರೆದ ಕಂದಕ. ಬಾಗಿಲಿಗೆ ಹೋಗಲು ಸೇತುವೆ ಬೇಕಲ್ಲ? ಕಂದಕ ಕೊರೆಯುವಾಗ ಒಂದು ಪಟ್ಟಿ ಬಂಡೆಯನ್ನು ಹಾಗೆಯೇ ಬಿಟ್ಟು ಅದನ್ನೇ ಸೇತುವೆ ಮಾಡಿದ್ದರು. ದಿನನಿತ್ಯದ ಓಡಾಟಕ್ಕೆ ಅನುಕೂಲ. ಮರ ಬೇಡ, ದುರಸ್ತಿ ಬೇಡ. ಇಡೀ ಕೋಟೆಯ ವಿನ್ಯಾಸದಲ್ಲಿ ನನ್ನ ಮಟ್ಟಿಗೆ ಇದೊಂದೇ ಕ್ಷಮಿಸಲಾಗದ ತಪ್ಪು. ಮರದ ಸೇತುವೆಯಾಗಿದ್ದರೆ ಎತ್ತಬಹುದಿತ್ತು, ಸುಡಬಹುದಿತ್ತು. ಬಂಡೆಯನ್ನು ಏನು ಮಾಡುವುದು? ಫ್ರೆಂಚರು ಗಾಲಿಯ ಮೇಲಿನ ಗಟ್ಟಿ ಮಾಡನ್ನು ಆ ಸೇತುವೆಯ ಮೇಲೆ ಬಾಗಿಲವರೆಗೆ ತಳ್ಳಿದರು. ಅದನ್ನು ಅವರು 'ಬೆಕ್ಕು' ಎಂದು ಕರೆಯುತ್ತಿದ್ದರು. ಬೆಕ್ಕಿನ ಹೊಟ್ಟೆಯಡಿ ಕೂತು ಅಗೆಯುವವರು ಗೋಡೆಯ ಬುಡ ತೋಡಿದರು. ಒಳಗಿನವರು ಎದುರು ಸುರಂಗ ತೋಡಿ ಅವರನ್ನು ಓಡಿಸಿದ್ದೇನೋ ನಿಜ, ಆದರೆ ಈಗ ಅದೇ ಗೋಡೆಯ ಕೆಳಗೆ ಎರಡು ಸುರಂಗಗಳಾದವು. ಬುಡ ಟೊಳ್ಳಾದ ಗೋಡೆಗೆ 'ಕಾಬುಲುಸ್' ಎಂದು ಹೆಸರಿಟ್ಟಿದ್ದ ದೊಡ್ಡ ಕವಣೆ ಕಲ್ಲು ಬೀರತೊಡಗಿದಾಗ ಅದು ಬಿರಿದು ಬಿತ್ತು.

1204ರ ಮಾರ್ಚ್ 6. ಉಳಿದವರು ದಿಡ್ಡಿ ಬಾಗಿಲಿನ ಕಡೆ ಹೊರಟು ಸಿಕ್ಕಿಬಿದ್ದರು. ನೈಟ್‌ಗಳು, ಕಾಲಾಳುಗಳು ಸೇರಿ ನೂರೈವತ್ತರ ಆಸುಪಾಸು. ಅಷ್ಟು ಹಣ, ಅಷ್ಟು ಜಾಣ್ಮೆ ಸುರಿದು ಕಟ್ಟಿದ ಮೂಲಗೋಪುರದಲ್ಲಿ ಕಾದಾಟವೇ ನಡೆಯಲಿಲ್ಲ. ಡಿ ಲೇಸಿಯ ಬಿಡುಗಡೆಯ ಹಣಕ್ಕೆ ಜಾನ್ 1,000 ಪೌಂಡ್ ನೆರವು ಕೊಟ್ಟ. ಜೂನ್ 24ಕ್ಕೆ ರುವಾಂ ಬಾಗಿಲು ತೆರೆಯಿತು. ನಾರ್ಮಂಡಿ ಇಂಗ್ಲೆಂಡಿನ ದೊರೆಗಳ ಕೈಬಿಟ್ಟಿತು.

ಮುಂದಿನ ನಾಲ್ಕು ನೂರು ವರ್ಷವನ್ನು ಬೇಗ ದಾಟೋಣ. ಫಿಲಿಪ್ ಕೋಟೆಯನ್ನು ದುರಸ್ತಿ ಮಾಡಿಸಿದ. 1314ರಲ್ಲಿ ವ್ಯಭಿಚಾರದ ಆರೋಪ ಹೊತ್ತ ರಾಜಮನೆತನದ ಸೊಸೆಯರಾದ ಮಾರ್ಗರೆಟ್ ಮತ್ತು ಬ್ಲಾಂಶ್‌ರನ್ನು ಇಲ್ಲಿ ಸೆರೆಯಿಟ್ಟರು. ಮಾರ್ಗರೆಟ್ ಮರುವರ್ಷ ಇಲ್ಲಿಯೇ ತೀರಿಕೊಂಡಳು. 1334ರಲ್ಲಿ ದೇಶ ಬಿಟ್ಟುಬಂದ ಸ್ಕಾಟ್ಲೆಂಡಿನ ಬಾಲರಾಜ ಎರಡನೇ ಡೇವಿಡ್‌ಗೆ ಇದೇ ಮನೆಯಾಯಿತು. ನೂರು ವರ್ಷಗಳ ಯುದ್ಧದಲ್ಲಿ, 1419ರಲ್ಲಿ, ಇಂಗ್ಲಿಷರು ಮತ್ತೆ ಮುತ್ತಿಗೆ ಹಾಕಿದರು. ರುವಾಂ ಬಿದ್ದು ಎಷ್ಟೋ ತಿಂಗಳಾದರೂ ಈ ಕೋಟೆ ಡಿಸೆಂಬರಿನವರೆಗೆ ನಿಂತಿತ್ತು. ಕೊನೆಗೆ ಶರಣಾದದ್ದು ಬಾವಿಯಿಂದ ನೀರು ಸೇದುವ ಹಗ್ಗ ಸವೆದು ಹೋದದ್ದಕ್ಕೆ. ಬಂಡೆಯ ತಲೆಯ ಮೇಲಿನ ಬಾವಿ ಬಹಳ ಆಳ, ಹಗ್ಗವೂ ಅಷ್ಟೇ ಉದ್ದ, ದಿನಾ ರಾಟೆಯ ಮೇಲೆ ಉಜ್ಜಿ ಎಳೆಎಳೆಯಾಗಿ ಹೋಗುತ್ತದೆ. ಉಗ್ರಾಣದಲ್ಲಿ ಬಾಣ, ದವಸ ಎಣಿಸಿಟ್ಟವರು ಹಗ್ಗವನ್ನು ಎಣಿಸಿರಲಿಲ್ಲ. ಆಮೇಲೆ ಫ್ರೆಂಚರು ಒಮ್ಮೆ ಹಿಡಿದು ಕಳೆದುಕೊಂಡು, 1449ರಲ್ಲಿ ಕಾಯಂ ಆಗಿ ಪಡೆದರು.

ಪಾಳು ಬಿದ್ದದ್ದು ಯುದ್ಧದಿಂದ ಎಂದು ಬಹಳ ಜನ ಭಾವಿಸುತ್ತಾರೆ. ಹಾಗಲ್ಲ. 1573ರ ಹೊತ್ತಿಗಾಗಲೇ ಜನವಾಸವಿಲ್ಲದೆ ಜೀರ್ಣವಾಗಿತ್ತು. ಬಂಡುಕೋರರು ಸೇರಿಕೊಂಡರೆ ತೊಂದರೆ ಎಂದು ಫ್ರಾನ್ಸಿನ ದೊರೆ ನಾಲ್ಕನೇ ಹೆನ್ರಿ 1599ರಲ್ಲಿ ಕೆಡವಲು ಅಪ್ಪಣೆ ಕೊಟ್ಟ. ಕಲ್ಲನ್ನು ತಮ್ಮ ಮಠದ ದುರಸ್ತಿಗೆ ಒಯ್ಯಲು ಕಪೂಚಿನ್ ಸನ್ಯಾಸಿಗಳಿಗೆ ಅನುಮತಿ ಸಿಕ್ಕಿತು. 1611ರಲ್ಲಿ ಕೆಡವುವುದು ನಿಂತಿತು. 1862ರಲ್ಲಿ ಅದು ರಕ್ಷಿತ ಸ್ಮಾರಕವಾಯಿತು.

ಹೋಗಿ ನೋಡುವವರಿಗೆ ಎರಡು ಮಾತು. ಮೊದಲು ಕೋಟೆಯೊಳಗೆ ನುಗ್ಗಬೇಡಿ. ಹಿಂದಿನ ಎತ್ತರದ ನೆಲದಲ್ಲಿ ನಿಂತು ನೋಡಿ, ಫಿಲಿಪ್ ನೋಡಿದ ನೋಟ ಅದೇ. ತ್ರಿಕೋನದ ಮೂತಿ, ಅದರ ಹಿಂದೆ ಒಂದೊಂದೇ ಸುತ್ತು, ಆಚೆ ನದಿಯ ತಿರುವು, ದ್ವೀಪ ಎಲ್ಲವೂ ಒಂದೇ ನೋಟಕ್ಕೆ ಸಿಗುತ್ತವೆ. ಆಮೇಲೆ ಗೋಡೆಗಳ ಹತ್ತಿರ ಹೋದಾಗ, ಕಾಣುವ ಒರಟು ಮೈಯನ್ನು ನೋಡಿ ಕಟ್ಟಿದವರ ಕೈಗುಣವನ್ನು ಅಳೆಯಬೇಡಿ. ಕೆತ್ತಿದ ಮುಖಗಲ್ಲನ್ನು ಕಿತ್ತೊಯ್ದಿದ್ದಾರೆ. ನಾವು ನೋಡುತ್ತಿರುವುದು ಗೋಡೆಯ ಹೊಟ್ಟೆ, ಚಕಮಕಿ ಉಂಡೆಗಳು ಗಾರೆಯಲ್ಲಿ ಹುದುಗಿರುವುದು ಬರಿಗಣ್ಣಿಗೇ ಕಾಣುತ್ತದೆ. ಮುಖಗಲ್ಲು ಉಳಿದಿರುವ ಕಡೆ ಒಳಸುತ್ತಿನ ಉಬ್ಬುಗಳ ಮೇಲೆ ಕೈಯಾಡಿಸಿ ನೋಡಿ, ಕಲ್ಲಿನಿಂದ ಕಲ್ಲಿಗೆ ಬಾಗು ಎಲ್ಲಿಯೂ ಮುರಿಯುವುದಿಲ್ಲ.

ಒಳಸುತ್ತಿನ ಬಾಗಿಲಿಗೆ ಹೋಗುವಾಗ ಕಾಲಡಿ ಬರುವ ಬಂಡೆಯ ಸೇತುವೆ ಕೊರೆದವರು ಬಿಟ್ಟದ್ದೇ. ಅದರ ಮೇಲೆ ನಿಂತು ಎಡಕ್ಕೂ ಬಲಕ್ಕೂ ಬಗ್ಗಿ ನೋಡಿದರೆ ಕಂದಕದ ಎರಡೂ ಗೋಡೆ ಬಿಳಿಯಾಗಿ, ಕಡಿದಾಗಿ ಕೆಳಕ್ಕೆ ಇಳಿಯುತ್ತವೆ. ಎದುರಿಗಿರುವುದು ಬಾಗಿಲು.